ಹೊನ್ನು ಬರಿದಾದ ನೆಲದಲ್ಲಿ

ಹೊಸಕೋಟೆ ತಾಲೂಕಿನ ನಂದಗುಡಿಯಿಂದ ಮೂಡಣ ದಿಕ್ಕಿಗೆ ಹೊರಟ ಪಯಣಿಗನಿಗೆ ಕೋಲಾರ ದೂರವೇನಲ್ಲ. ಅಲ್ಲಿಂದ ಬಂಗಾರಪೇಟೆಯನ್ನು ದಾಟಿ ಮುಂದೆ ಸಾಗಿದರೆ, ಬೂದುಬಣ್ಣದ ಬೋಳು ದಿಬ್ಬಗಳ ಸಾಲೊಂದು ಎದುರಾಗುತ್ತದೆ. ಇವು ಪ್ರಕೃತಿ ನಿರ್ಮಿಸಿದ ಗುಡ್ಡಗಳಲ್ಲ. ಅದಿರನ್ನು ನುಣ್ಣಗೆ ಅರೆದು, ಸಯನೈಡಿನ ದ್ರಾವಣದಿಂದ ಹೊನ್ನನ್ನು ಬೇರ್ಪಡಿಸಿದ ಮೇಲೆ ಮಿಕ್ಕ ಹುಡಿಯ ರಾಶಿಗಳು. ಊರಿನವರ ಬಾಯಲ್ಲಿ ಇವೇ ‘ಸಯನೈಡ್ ಗುಡ್ಡ’ಗಳು.

ಇಲ್ಲಿನ ಹಳ್ಳಿಗರು ಮಣ್ಣನ್ನು ತೊಳೆದು ಚಿನ್ನದ ಕಣಗಳನ್ನು ತೆಗೆಯುತ್ತಿದ್ದುದನ್ನು 1802ರಲ್ಲಿ ಕಂಡವನು ಲೆಫ್ಟಿನೆಂಟ್ ಜಾನ್ ವಾರನ್. 1880ರ ದಶಕದಲ್ಲಿ ಲಂಡನ್ನಿನ ಜಾನ್ ಟೇಲರ್ ಅಂಡ್ ಸನ್ಸ್ ಸಂಸ್ಥೆ ಗಣಿಗಳ ಆಡಳಿತ ವಹಿಸಿಕೊಂಡ ಮೇಲೆ ಕೆಲಸಕ್ಕೆ ವೇಗ ಬಂದಿತು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಸುಮಾರು 150 ಕಿಲೋಮೀಟರು ದೂರವನ್ನು ಕ್ರಮಿಸಿ ಗಣಿಯನ್ನು ತಲುಪಿತು. ಚಾಂಪಿಯನ್ ರೀಫ್ ಗಣಿಯಂತೂ 3 ಕಿಲೋಮೀಟರಿಗೂ ಮೀರಿದ ಆಳಕ್ಕೆ ಇಳಿಯಿತು. ಅಷ್ಟು ಆಳದಲ್ಲಿ ಬಂಡೆಯೇ ಕಾದ ಹಂಚು. ಒತ್ತಡ ತಾಳಲಾರದೆ ಅದು ಒಮ್ಮೆಲೇ ಸಿಡಿದಾಗ ಪ್ರಾಣ ತೆತ್ತವರುಂಟು. ಕಲ್ಲಿನ ಧೂಳು ಶ್ವಾಸಕೋಶವನ್ನು ಸೇರಿ ಮೆಲ್ಲಮೆಲ್ಲನೆ ಸವೆದವರೂ ಉಂಟು. ಹೀಗೆ 120 ವರ್ಷಗಳಲ್ಲಿ ಹೊರಬಂದ ಹೊನ್ನು 800 ಟನ್ನುಗಳಿಗೂ ಅಧಿಕ. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು.

ಇಲ್ಲಿ ದುಡಿಯಲು ಕಡಲಾಚೆಯಿಂದ ಬಂದ ನಿಪುಣರಲ್ಲಿ ಇಂಗ್ಲೆಂಡಿನ ಕಾರ್ನ್‌ವಾಲಿನವರು ಹಲವರು. ಅವರ ತಾಯ್ನಾಡಿನ ತವರ ಮತ್ತು ತಾಮ್ರದ ಗಣಿಗಳೂ ಮುಚ್ಚಿದವು. ಆದರೆ ಅದಿರಿನ ಬಂಡಿಗಳು ಓಡುತ್ತಿದ್ದ ಹಳೆಯ ಹಾದಿಗಳಲ್ಲಿ ಇಂದು ಜನರು ಮಕ್ಕಳೊಡನೆ ಕಾಲ್ನಡಿಗೆಯಲ್ಲಿ, ಸೈಕಲ್ಲಿನಲ್ಲಿ ವಿಹರಿಸುತ್ತಾರೆ. 2006ರಲ್ಲಿ ಆ ಗಣಿಸೀಮೆ ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು.

ನಮ್ಮಲ್ಲಿಯೂ ಅಂಥ ಹಾದಿಯೊಂದು ಏಕಾಗಬಾರದು? ದಿಬ್ಬಗಳ ನೋಟಕ್ಕೆ ಮನಸೋತು ಚಲನಚಿತ್ರದವರು ಈಗಾಗಲೇ ಇಲ್ಲಿಗೆ ಬಂದಿದ್ದಾರೆ. ಆದರೆ ಗಾಳಿ ಬೀಸಿದಾಗ ಇದೇ ಹುಡಿ ಸುತ್ತಲಿನ ಮನೆಗಳ ಅಡಿಗೆಮನೆಯವರೆಗೂ ಬರುತ್ತದೆಂಬುದನ್ನು ಮರೆಯಲಾಗದು. ಹಳೆಯ ಬಾವಿಗಳಲ್ಲಿ ನೀರು ತುಂಬಿದೆ. ಮೊದಲು ದಿಬ್ಬಗಳ ಮೇಲೆ ಹಸಿರು ಹಿಡಿಯಬೇಕು, ಬಾವಿಗಳಿಗೆ ಭದ್ರವಾದ ಬೇಲಿಯಾಗಬೇಕು. ವಿಹಾರದ ಮಾತು ಅನಂತರದ್ದು.

ಗಣಿ ಮುಚ್ಚಿದಂದಿನಿಂದ ಇಲ್ಲಿನ ಸಾವಿರಾರು ಮಂದಿ ನಸುಕಿನಲ್ಲೆದ್ದು ರೈಲು ಹಿಡಿದು ಬೆಂಗಳೂರಿಗೆ ದುಡಿಯಲು ಹೋಗುತ್ತಾರೆ. ಆ ಸುರಂಗಗಳ ಕಥೆಯನ್ನು ಬಲ್ಲವರು ಅವರ ಮನೆಯ ಹಿರಿಯರು. ಹಾದಿಯೊಂದು ನಿರ್ಮಾಣವಾಗುವುದಾದರೆ, ಬಂದವರಿಗೆ ದಾರಿ ತೋರಿಸುವ ಕೆಲಸವೂ ಅದರ ಕೂಲಿಯೂ ಮೊದಲು ಆ ಮನೆಗಳಿಗೆ ಸಲ್ಲಬೇಕಾದದ್ದು ನ್ಯಾಯ.