ರೋಗದ ಮೊದಲ ಸುಳಿವು ದನದ ನಡತೆಯಲ್ಲೇ

ತೋಟಕ್ಕೆ ಗೊಬ್ಬರ ಬೇಕು, ಗೊಬ್ಬರಕ್ಕೆ ದನ ಬೇಕು. ಆದ್ದರಿಂದ ಕಾಫಿ, ಅಡಿಕೆ ಬೆಳೆಯುವ ಸಣ್ಣ ಹಿಡುವಳಿದಾರರಿಗೆ ಕೊಟ್ಟಿಗೆಯ ಆರೋಗ್ಯವೂ ತೋಟದ ಕೆಲಸವೇ. ಈ ವಿಷಯದಲ್ಲಿ ಯಾದಗಿರಿ, ಶಹಾಪುರ, ಸುರಪುರದ ಕಡೆಯ ಬಯಲುಸೀಮೆಯನ್ನು ಗಮನಿಸುವುದು ಒಳ್ಳೆಯದು. ಅಲ್ಲಿ ತೊಗರಿ, ಹತ್ತಿ, ಜೋಳದ ಜೊತೆಗೆ ಎತ್ತು, ಎಮ್ಮೆ, ಕುರಿಗಳೇ ಎಷ್ಟೋ ಮನೆಗಳಿಗೆ ಆಧಾರ.

ಕುರಿ ಕಾಯುವವರು ಮಂದೆಯ ಹಿಂದೆ ನಡೆಯುವುದು ಸುಮ್ಮನೆ ಅಲ್ಲ. ಕುರಿ ಗುಂಪು ಬಿಟ್ಟಿರುವ ಪ್ರಾಣಿಯಲ್ಲ. ಒಂದು ಕುರಿ ಹಿಂದೆ ಬಿದ್ದರೆ, ತಲೆ ತಗ್ಗಿಸಿ ಒಂಟಿಯಾಗಿ ನಿಂತರೆ ಅದಕ್ಕೆ ಮೈ ಸರಿ ಇಲ್ಲವೆಂದೇ ಅರ್ಥ. ದನ, ಕುರಿಗಳು ಮೂಲತಃ ಕ್ರೂರಮೃಗಗಳಿಗೆ ಆಹಾರವಾಗುವ ಜಾತಿಯವು. ನೋವನ್ನು ಬಚ್ಚಿಡುವುದು ಅವುಗಳ ಹುಟ್ಟುಗುಣ. ಅವು ನರಳುವ ಹೊತ್ತಿಗೆ ರೋಗ ಬಲಿತಿರುತ್ತದೆ.

ಆರೋಗ್ಯವಂತ ಆಕಳು ದಿನಕ್ಕೆ ಸುಮಾರು 6ರಿಂದ 8 ಗಂಟೆ ಮೆಲುಕು ಹಾಕುತ್ತದೆ. ಮೆಲುಕು ನಿಂತರೆ, ಕಿವಿ ಜೋತುಬಿದ್ದರೆ, ಮೇವು ಮುಟ್ಟದಿದ್ದರೆ ಕಾಯುತ್ತಾ ಕೂರಬಾರದು. 2022ರಲ್ಲಿ ರಾಜ್ಯದಲ್ಲಿ ಹಬ್ಬಿದ ಚರ್ಮಗಂಟು ರೋಗದಲ್ಲೂ ಮೈಮೇಲೆ ಗಂಟು ಏಳುವ ಮೊದಲೇ ಜ್ವರ ಬರುತ್ತದೆ, ಕಣ್ಣಲ್ಲಿ ನೀರು ಸುರಿಯುತ್ತದೆ. ಆಗಲೇ ಆ ದನವನ್ನು ಬೇರೆ ಕಟ್ಟಿದರೆ ಉಳಿದವುಗಳಿಗೆ ಅನುಕೂಲ.

ಎಮ್ಮೆಯ ಬೆದೆ ಹಲವು ವೇಳೆ ಮೂಕಬೆದೆ. ಅದರಲ್ಲೂ ಬೇಸಿಗೆಯಲ್ಲಿ ಲಕ್ಷಣಗಳು ರಾತ್ರಿ ಅಥವಾ ನಸುಕಿನಲ್ಲಿ ಮಾತ್ರ ಕಾಣುವುದುಂಟು. ಅದು ತಪ್ಪಿದರೆ ಮತ್ತೆ ಸುಮಾರು 21 ದಿನ ಕಾಯಬೇಕು. ಬೆಳಿಗ್ಗೆ ಬೆದೆ ಕಂಡರೆ ಅಂದೇ ಸಂಜೆ, ಸಂಜೆ ಕಂಡರೆ ಮರುದಿನ ಬೆಳಿಗ್ಗೆ ಗರ್ಭಧಾರಣೆ ಮಾಡಿಸುವುದು ವಾಡಿಕೆ.

ಇನ್ನು ಚಿಕಿತ್ಸೆಯ ವೇಳೆ. ದನದ ಕಣ್ಣು ತಲೆಯ ಎರಡು ಪಕ್ಕಗಳಲ್ಲಿರುವುದರಿಂದ ಸುತ್ತಲೂ ಕಾಣುತ್ತದೆ, ನೇರ ಹಿಂಭಾಗ ಮಾತ್ರ ಕಾಣದು. ಹಿಂದಿನಿಂದ ಹೋದವರಿಗೆ ಒದೆ ಬೀಳುವುದು ಇದರಿಂದಲೇ. ಭುಜದ ಕಡೆಯಿಂದ, ಮೆಲ್ಲಗೆ ಮಾತನಾಡಿಸುತ್ತಾ ಹತ್ತಿರ ಹೋಗಬೇಕು. ದನಗಳ ನಡತೆಯನ್ನು ಆಳವಾಗಿ ಅಭ್ಯಸಿಸಿದ ಅಮೆರಿಕದ ವಿಜ್ಞಾನಿ ಟೆಂಪಲ್ ಗ್ರ್ಯಾಂಡಿನ್ ಅವರು ಹೇಳುವುದೂ ಕೂಗಾಟ, ಹೊಡೆತ ಬೇಡವೆಂದೇ. ಬೆದರಿದ ದನದ ಉಸಿರು, ನಾಡಿ, ಮೈಬಿಸಿ ಮೂರೂ ಏರುತ್ತವೆ. ಆಗ ಜ್ವರ ನೋಡಿದರೆ ಲೆಕ್ಕ ತಪ್ಪುತ್ತದೆ. ಅರ್ಧ ಗಂಟೆ ಸುಮ್ಮನೆ ಬಿಟ್ಟು, ಪಕ್ಕದಲ್ಲಿ ಅದರ ಜೊತೆಗಾರ ದನವನ್ನು ಕಟ್ಟಿದರೆ ಶಾಂತವಾಗುತ್ತದೆ.

ಸದಸ್ಯ ಬಾಂಧವರು ದಿನಕ್ಕೆರಡು ಬಾರಿ, ಹಾಲು ಕರೆಯುವಾಗಲಾದರೂ, ಪ್ರತಿ ದನದ ಮುಂದೆ ಒಂದು ನಿಮಿಷ ನಿಲ್ಲಬೇಕೆಂದು ವಿನಂತಿ. ವೈದ್ಯರಿಗೆ ಅಥವಾ ಪಶು ಸಂಜೀವಿನಿಯ 1962 ಸಂಖ್ಯೆಗೆ ಕರೆ ಮಾಡುವಾಗ "ದನಕ್ಕೆ ಹುಷಾರಿಲ್ಲ" ಎಂದಷ್ಟೇ ಹೇಳಬೇಡಿ. ಮೇವು ಬಿಟ್ಟದ್ದು ಯಾವಾಗ, ಮೆಲುಕು ಇದೆಯೇ, ಸಗಣಿ ಹೇಗಿದೆ, ಹಾಲು ಎಷ್ಟು ಇಳಿಯಿತು ಎಂಬುದನ್ನು ತಿಳಿಸಿ. ಬಾಯಿಲ್ಲದ ಜೀವದ ಪರವಾಗಿ ಇಷ್ಟನ್ನು ಹೇಳಬಲ್ಲವರು ಅದನ್ನು ಸಾಕಿದವರು ಮಾತ್ರ.