ಶಿರೂರು ಮಠದ ಲೆಕ್ಕಪುಸ್ತಕ

ಎರಡು ವರ್ಷಕ್ಕೊಮ್ಮೆ ಕೃಷ್ಣನ ಪೂಜೆ ಒಂದು ಮಠದಿಂದ ಇನ್ನೊಂದಕ್ಕೆ ಕೈಬದಲಾಗುವ ಪರ್ಯಾಯದ ರಾತ್ರಿ ಉಡುಪಿ ಮಲಗುವುದಿಲ್ಲ. ಜನವರಿ 18ರ ನಸುಕಿಗೆ ಮುಂಚೆಯೇ ಕಾಪು ಬಳಿಯ ದಂಡತೀರ್ಥದಲ್ಲಿ ಮಿಂದ ಯತಿಗಳು ಜೋಡುಕಟ್ಟೆಯಿಂದ ಮೆರವಣಿಗೆ ಹೊರಡುತ್ತಾರೆ. ಮುಂದೆ ಚೆಂಡೆ, ಕೊಂಬು, ತೂಗಾಡುತ್ತ ನಡೆಯುವ ತಟ್ಟಿರಾಯನ ಬೊಂಬೆ. ಮಧ್ವ ಸರೋವರದ ಬಳಿ, ಮುಂದಿನ ದಿನಗಳ ಅಡುಗೆಗೆಂದು ರಥದಾಕಾರದಲ್ಲಿ ಒಟ್ಟಿದ ಕಟ್ಟಿಗೆ. ರಥಬೀದಿಯಲ್ಲಿ ಕಾಲಿಡಲು ಜಾಗವಿಲ್ಲ. ಕನಕನ ಕಿಂಡಿಯಲ್ಲಿ ಕೃಷ್ಣನನ್ನು ಕಂಡು ಒಳಬಂದ ಯತಿಗೆ, ಅವಧಿ ಮುಗಿಸಿದ ಯತಿ ಅಕ್ಷಯಪಾತ್ರೆ, ಸಟ್ಟುಗ, ಬೀಗದ ಕೈಗಳನ್ನು ಒಪ್ಪಿಸುತ್ತಾರೆ. ಅಲ್ಲಿಂದ ಎರಡು ವರ್ಷ ಪೂಜೆಯ ಜೊತೆಗೆ ಬಂದವರಿಗೆಲ್ಲ ಊಟ ಹಾಕುವ ಹೊಣೆಯೂ ಅವರದೇ.

1946ರಲ್ಲಿ ಆ ಸಟ್ಟುಗ ಶಿರೂರು ಮಠದ ಶ್ರೀ ಲಕ್ಷ್ಮೀಂದ್ರ ತೀರ್ಥರ ಕೈಗೆ ಬಂತು. ಮಹಾಯುದ್ಧ ಮುಗಿದು ವರ್ಷವೂ ಆಗಿರಲಿಲ್ಲ. ಸಾಮಾನು ಸಿಗದು, ಸಿಕ್ಕರೆ ಬೆಲೆ ಕೇಳುವಂತಿಲ್ಲ. ಎಳೆಯ ವಯಸ್ಸಿನಲ್ಲಿ ಪೀಠವೇರಿ, ಪ್ರಾಯಕ್ಕೆ ಬಂದಾಗ ಮಠದ ಹಳೇ ಸಾಲವನ್ನು ಬಹುಪಾಲು ತೀರಿಸಿದ್ದವರು ಅವರು. ಈ ಪರ್ಯಾಯಕ್ಕೆ ಮತ್ತೆ ಸಾಲ ಎತ್ತಬೇಕಾಯಿತು. ಅದು ಬೆಳೆದು ಹತ್ತಿರ ಹತ್ತಿರ ಒಂದು ಲಕ್ಷ ರೂಪಾಯಿಗೆ ಮುಟ್ಟಿತು.

ಉಡುಪಿಯಿದ್ದ ದಕ್ಷಿಣ ಕನ್ನಡ ಆಗ ಮದರಾಸಿಗೆ ಸೇರಿತ್ತು. ಅಲ್ಲಿನ ಹಿಂದೂ ಧಾರ್ಮಿಕ ದತ್ತಿ ಮಂಡಳಿ ನಡುವೆ ಬಂದು, ಆಡಳಿತಕ್ಕೆ ತಕ್ಕವರೊಬ್ಬರನ್ನು ನೇಮಿಸಿ ಎಂದಿತು. 1948ರ ಡಿಸೆಂಬರಿನಲ್ಲಿ ಸ್ವಾಮಿಗಳು ಏಜೆಂಟರೊಬ್ಬರಿಗೆ ಅಧಿಕಾರಪತ್ರ ಬರೆದುಕೊಟ್ಟರು. ಆದರೆ ಆತ ತನ್ನ ಮಾತು ಕೇಳುವುದಿಲ್ಲ, ಲೆಕ್ಕವನ್ನೂ ಒಪ್ಪಿಸುವುದಿಲ್ಲ ಎಂಬುದು ಅವರ ದೂರು. 1950ರ ಸೆಪ್ಟೆಂಬರಿನಲ್ಲಿ ಅಧಿಕಾರ ಹಿಂತೆಗೆದುಕೊಂಡರು. ಪುಸ್ತಕ, ರಸೀದಿ, ಕೈಯಲ್ಲಿದ್ದ ನಗದು ಕೇಳಿದರು. ಅವು ಬರಲಿಲ್ಲ. ಅಕ್ಟೋಬರ್ 4ರಂದು ಸಬ್ ಕೋರ್ಟಿನಲ್ಲಿ ದಾವೆ ಹೂಡಿದರು. ಏಜೆಂಟರು ಅದರ ಹಿಂದಿನ ದಿನವೇ ಮಂಡಳಿಗೆ ಅರ್ಜಿ ಹಾಕಿಯಾಗಿತ್ತು.

ಮುಂದಿನ ನಾಲ್ಕು ತಿಂಗಳ ಕಾಗದಪತ್ರಗಳನ್ನು, ಆಮೇಲೆ ಬಂದ ಸುಪ್ರೀಂ ಕೋರ್ಟ್ ತೀರ್ಪಿನ ಪುಟಗಳಲ್ಲಿ ಓದುವಾಗ ನನಗೆ ಸಂಕಟವಾಗುತ್ತದೆ. ವಿಚಾರಣೆ ಮದರಾಸಿನಲ್ಲಿ, ಮಧ್ಯಾಹ್ನ ಎರಡು ಗಂಟೆಗೆ, ಖುದ್ದು ಬನ್ನಿ ಇಲ್ಲವೇ ವಕೀಲರನ್ನು ಕಳಿಸಿ. ಉಡುಪಿಗೆ ಆಗ ರೈಲೇ ಇರಲಿಲ್ಲ. ವಿಷಯ ಕೋರ್ಟಿನಲ್ಲಿದೆ ಎಂದು ಸ್ವಾಮಿಗಳು ಬರೆದರು. ಮಂಡಳಿ ಆ ವಿಚಾರಣೆಯನ್ನು ಕೈಬಿಟ್ಟು, ದಾವೆಯ ಫಲಕ್ಕೆ ಕಾಯದೆ ತಾನೇ ಇನ್ನೊಂದನ್ನು ಶುರುಮಾಡಿತು. ಲೆಕ್ಕಪುಸ್ತಕ ಕೊಡಿಸಿ, ಅದಿಲ್ಲದೆ ಉತ್ತರ ಬರೆಯುವುದು ಹೇಗೆ ಎಂದು ಮಠ ಕೇಳಿತು. ವಕೀಲರು ಕಾಯಿಲೆ ಬಿದ್ದರು. ಮುಂದೂಡಲು ತಂತಿ ಹೋಯಿತು. 1951ರ ಜನವರಿ 10ರಂದು ಮಂಡಳಿ ವಿಚಾರಣೆಯನ್ನೇ ಮುಗಿಸಿತು. ಲಕ್ಷ ರೂಪಾಯಿ ಸಾಲವಾದ ದತ್ತಿಯ ಲೆಕ್ಕ ಕೇಳುವ ಹಕ್ಕು ಮಂಡಳಿಗೆ ಇತ್ತೆಂದೇ ನಾನು ನಂಬುತ್ತೇನೆ, ಆ ಹಣ ಭಕ್ತರದು. ಆದರೆ ಪುಸ್ತಕ ಬೇರೆಯವರ ಕೈಯಲ್ಲಿರುವಾಗ ಉತ್ತರಕ್ಕೆ ಇನ್ನಷ್ಟು ದಿನ ಕೊಡಲಾಗದಷ್ಟು ಅವಸರ ಏನಿತ್ತು?

ಮಠಕ್ಕೆಂದು ಮಂಡಳಿ ಸಿದ್ಧಪಡಿಸಿದ ಆಡಳಿತ ಯೋಜನೆಯ ಕರಡು ಕೈಗೆ ಬಂದ ಮೇಲೆ, ಫೆಬ್ರವರಿ 12ರಂದು ಸ್ವಾಮಿಗಳು ಮದರಾಸು ಹೈಕೋರ್ಟಿನ ಮೆಟ್ಟಿಲು ಹತ್ತಿದರು. ಅರ್ಜಿ ಬಾಕಿಯಿದ್ದಾಗಲೇ 1951ರ ಹೊಸ ದತ್ತಿ ಕಾಯ್ದೆ ಬಂತು, ವಾದವೂ ಅದರತ್ತ ತಿರುಗಿತು. ಹೈಕೋರ್ಟಿನಲ್ಲಿ ಮಠ ಗೆದ್ದಿತು. ಹೊಸ ಕಾಯ್ದೆಯಡಿ ಮಂಡಳಿಯ ಜಾಗಕ್ಕೆ ಬಂದ ಕಮಿಷನರ್ ಸುಪ್ರೀಂ ಕೋರ್ಟಿಗೆ ಹೋದರು.

1954ರ ಮಾರ್ಚ್ 16ರಂದು ಏಳು ನ್ಯಾಯಮೂರ್ತಿಗಳ ಪೀಠದ ಪರವಾಗಿ ಬಿ.ಕೆ. ಮುಖರ್ಜಿಯಾ ಬರೆದ ತೀರ್ಪು, ಪರ್ಯಾಯದ ಅಡುಗೆಮನೆಯನ್ನೇ ಕಣ್ಣಮುಂದೆ ಇಟ್ಟುಕೊಂಡಂತಿದೆ. ದೇವರಿಗೆ ಯಾವ ಹೊತ್ತಿಗೆ ಏನು ನೈವೇದ್ಯ, ಯಾವ ವಿಧಿ ಹೇಗೆ ಎಂಬುದು ಧರ್ಮದ ಮಾತು. ಅದರಲ್ಲಿ ಹೊರಗಿನವರಿಗೆ ಕೆಲಸವಿಲ್ಲ. ಅದಕ್ಕೆ ಎಷ್ಟು ಖರ್ಚು ಎಂಬುದು ಆಸ್ತಿಯ ಆಡಳಿತ. ಅದನ್ನು ಕಾನೂನು ಹಿಡಿತದಲ್ಲಿ ಇಡಬಹುದು. ಕಮಿಷನರ್ ಬೇಕೆಂದಾಗ ಮಠದ ಯಾವ ಮೂಲೆಗೂ ನುಗ್ಗಬಹುದೆಂಬ ಕಲಂ ಬಿದ್ದಿತು. ಮಠಾಧಿಪತಿಯ ಮೇಲೆ ಮ್ಯಾನೇಜರನ್ನು ಹೇರುವ ಕಲಮೂ ಬಿದ್ದಿತು. ಸಂಸ್ಥೆಗಳ ಆದಾಯದ ಮೇಲಿನ ಶೇಕಡಾ ಐದರವರೆಗಿನ ವಂತಿಗೆ ಶುಲ್ಕವಲ್ಲ, ತೆರಿಗೆ ಎಂದಾಯಿತು.

ಜನ ಹೆಚ್ಚು ಗಮನಿಸದ ಜಾಗ ಇನ್ನೊಂದಿದೆ. ಅಧಿಕಾರಿ ಆಡಳಿತ ಯೋಜನೆ ರೂಪಿಸುವ ಕಲಮನ್ನು ಪೀಠ ಉಳಿಸಿತು. ಯಾಕೆಂದರೆ ನೊಂದವರು ಕಮಿಷನರಿಗೆ ಮೇಲ್ಮನವಿ ಹಾಕಿ, ಅಲ್ಲಿಯೂ ಸೋತರೆ ಕೋರ್ಟಿನಲ್ಲಿ ದಾವೆ ಹೂಡಿ, ಅಲ್ಲಿಂದ ಹೈಕೋರ್ಟಿಗೂ ಹೋಗಬಹುದಿತ್ತು. ಕೊನೆಯ ಮಾತು ನ್ಯಾಯಾಲಯದ್ದು. ಅಧಿಸೂಚನೆ ಹೊರಡಿಸಿ ಸಂಸ್ಥೆಯ ಆಡಳಿತವನ್ನೇ ವಶಕ್ಕೆ ತೆಗೆದುಕೊಳ್ಳುವ 63ರಿಂದ 69ರವರೆಗಿನ ಕಲಮುಗಳಲ್ಲಿ ಆ ದಾರಿಯೇ ಇರಲಿಲ್ಲ. ಅವುಗಳನ್ನು ಸಮರ್ಥಿಸಲಾಗದು ಎಂದು ಮದರಾಸಿನ ವಕೀಲರೇ ಒಪ್ಪಿಕೊಂಡರು. ಅವು ರದ್ದಾದವು.

ಮದರಾಸು ತನ್ನ ದತ್ತಿ ಕಾಯ್ದೆಯನ್ನು 1959ರಲ್ಲಿ ಹೊಸದಾಗಿ ಬರೆಯಿತು. ಅಷ್ಟರಲ್ಲಿ ಉಡುಪಿ ಮೈಸೂರು ರಾಜ್ಯಕ್ಕೆ ಸೇರಿ ಮೂರು ವರ್ಷವಾಗಿತ್ತು.