ಕಲಾವಿದ ಉದ್ಯಮಿಯಾದಾಗ: ನಿತಿನ್ ದೇಸಾಯಿ ಅವರ ವೃತ್ತಿಪಥ

ಬೆಳ್ಳಿತೆರೆಯ ಅರಮನೆಗಳೂ ಹಳ್ಳಿಗಳೂ ಯಾರೋ ಒಬ್ಬರು ಅಂದಾಜುಪಟ್ಟಿ ಹಾಕಿ, ಗಡುವಿನೊಳಗೆ ಕಟ್ಟಿಸಿಕೊಟ್ಟ ಸರಕುಗಳೇ ಆಗಿವೆ. ಬಡಗಿಗಳು, ಗಾರೆ ಕೆಲಸದವರು, ಬಣ್ಣ ಬಳಿಯುವವರು ಮೊದಲಾದವರನ್ನು ಒಗ್ಗೂಡಿಸಿ ಈ ಕಾರ್ಯ ನೆರವೇರಿಸುವವರೇ ಕಲಾ ನಿರ್ದೇಶಕರು. ಈ ಕ್ಷೇತ್ರದಲ್ಲಿ ಅಗ್ರಗಣ್ಯರಾಗಿದ್ದ ನಿತಿನ್ ಚಂದ್ರಕಾಂತ ದೇಸಾಯಿ ಅವರ ವೃತ್ತಿಜೀವನವು ನಮ್ಮ ಉದ್ಯಮಿಗಳಿಗೂ ಪರಿಶೀಲನಾರ್ಹವಾಗಿದೆ.

ಮುಂಬೈಯಲ್ಲಿ ಛಾಯಾಗ್ರಹಣ ಕಲಿತ ದೇಸಾಯಿ, 1987ರಲ್ಲಿ 'ತಮಸ್' ಧಾರಾವಾಹಿಯ ಮೂಲಕ, ಕಲಾ ನಿರ್ದೇಶಕ ನಿತೀಶ್ ರಾಯ್ ಅವರ ಬಳಿ ಸಹಾಯಕರಾಗಿ ಈ ವೃತ್ತಿಗೆ ಬಂದರು. 1994ರ '1942: ಎ ಲವ್ ಸ್ಟೋರಿ' ಅವರಿಗೆ ಹೆಸರು ತಂದಿತು. 'ಡಾ. ಬಾಬಾಸಾಹೇಬ್ ಅಂಬೇಡ್ಕರ್', 'ಹಮ್ ದಿಲ್ ದೇ ಚುಕೆ ಸನಮ್', 'ಲಗಾನ್', 'ದೇವದಾಸ್' ಚಿತ್ರಗಳಿಗೆ ಅವರಿಗೆ ರಾಷ್ಟ್ರಪ್ರಶಸ್ತಿ ಲಭಿಸಿತು. 'ಲಗಾನ್'ಗಾಗಿ ಗುಜರಾತಿನ ಕಚ್ಛ್‌ನ ಬಯಲಿನಲ್ಲಿ ಇಡೀ ಹಳ್ಳಿಯೊಂದು ಎದ್ದು ನಿಂತಿತ್ತು.

ಇಲ್ಲಿಯವರೆಗೆ ಬಂಡವಾಳ ನಿರ್ಮಾಪಕರದು, ಕೌಶಲ ದೇಸಾಯಿಯವರದು. ಚಿತ್ರೀಕರಣ ಮುಗಿದರೆ ಸೆಟ್ಟಿನ ಹೊರೆಯೂ ಮುಗಿಯುತ್ತಿತ್ತು. 2005ರಲ್ಲಿ ಮುಂಬೈ ಸಮೀಪದ ಕರ್ಜತ್‌ನಲ್ಲಿ ಸುಮಾರು 52 ಎಕರೆಯಲ್ಲಿ ಎನ್.ಡಿ. ಸ್ಟುಡಿಯೋ ತೆರೆದಾಗ ವ್ಯವಹಾರದ ಸ್ವರೂಪವೇ ಬದಲಾಯಿತು. 2008ರ 'ಜೋಧಾ ಅಕ್ಬರ್'ನ ಭವ್ಯ ಸೆಟ್ಟುಗಳು ಅಲ್ಲಿಯೇ ನಿರ್ಮಾಣವಾದವು. ಆದರೆ ಸ್ಥಿರಾಸ್ತಿಗೆ ಬಿಡುವಿಲ್ಲ. ಚಿತ್ರೀಕರಣ ನಡೆಯಲಿ, ನಿಲ್ಲಲಿ, ನಿರ್ವಹಣೆಯೂ ಸಂಬಳವೂ ಬಡ್ಡಿಯೂ ನಡೆಯುತ್ತಲೇ ಇರುತ್ತವೆ.

2016 ಮತ್ತು 2018ರಲ್ಲಿ ಸಂಸ್ಥೆಯು ಪಡೆದ ಸಾಲ 185 ಕೋಟಿ ರೂ. 2020ರಲ್ಲಿ ಕೋವಿಡ್‌ನಿಂದಾಗಿ ಚಿತ್ರೀಕರಣಗಳು ಸ್ಥಗಿತಗೊಂಡವು. 2021ರಲ್ಲಿ ಸ್ಟುಡಿಯೋದಲ್ಲಿ ಬೆಂಕಿ ಅವಘಡವೂ ಸಂಭವಿಸಿತು. 2022ರ ಜೂನ್ ಅಂತ್ಯಕ್ಕೆ ಬಾಕಿ 252 ಕೋಟಿ ರೂ. ಮೀರಿತ್ತು. 2023ರ ಜುಲೈನಲ್ಲಿ ರಾಷ್ಟ್ರೀಯ ಕಂಪನಿ ಕಾನೂನು ನ್ಯಾಯಮಂಡಳಿಯು ದಿವಾಳಿ ಪ್ರಕ್ರಿಯೆಗೆ ಅರ್ಜಿಯನ್ನು ಅಂಗೀಕರಿಸಿತು. ಆಗಸ್ಟ್ 2ರಂದು, ತಮ್ಮ 57ನೆಯ ವಯಸ್ಸಿನಲ್ಲಿ, ದೇಸಾಯಿ ಅದೇ ಸ್ಟುಡಿಯೋದಲ್ಲಿ ಮೃತಪಟ್ಟರು.

ಒಂದು ಸಾವಿನ ಕಾರಣಗಳನ್ನು ಲೆಕ್ಕಪತ್ರದಲ್ಲಿ ಹುಡುಕಲಾಗದು. ಆದರೆ ಉದ್ಯಮದ ಪಾಠ ಸ್ಪಷ್ಟ. ಕೌಶಲದಿಂದ ಗಳಿಸಿದ ಕೀರ್ತಿಯು ಸ್ಥಿರಾಸ್ತಿಯ ಆದಾಯಕ್ಕೆ ಖಾತರಿಯಲ್ಲ. ಕೂಲಿ ಕೆಲಸದಿಂದ ಸ್ವಂತ ಕಾರ್ಖಾನೆಗೆ ಹೆಜ್ಜೆ ಇಡುವ ಪ್ರತಿಯೊಬ್ಬ ಸಣ್ಣ ಕೈಗಾರಿಕೋದ್ಯಮಿಯೂ, ಕೆಲವು ತಿಂಗಳು ಕೆಲಸವೇ ಬರದಿದ್ದರೆ ಕಂತು ಕಟ್ಟುವ ಬಗೆ ಹೇಗೆಂಬುದನ್ನು ಸಾಲಪತ್ರಕ್ಕೆ ಸಹಿ ಹಾಕುವ ಮುನ್ನವೇ ನಿರ್ಧರಿಸಿಕೊಳ್ಳಬೇಕು. ಕಂತು ತಪ್ಪುವ ಸೂಚನೆ ಕಂಡೊಡನೆ ಸಾಲದಾತರೊಡನೆ, ಲೆಕ್ಕಪರಿಶೋಧಕರೊಡನೆ, ಮನೆಯವರೊಡನೆ ಮಾತನಾಡಬೇಕು. ಸಂಸ್ಥೆಯ ಸಾಲವು ಅದನ್ನು ಕಟ್ಟಿದ ಮನುಷ್ಯನ ಬೆಲೆಯಲ್ಲ ಎಂಬುದನ್ನು ವಾಣಿಜ್ಯ ಬಾಂಧವರು ಪರಸ್ಪರ ನೆನಪಿಸುತ್ತಿರುವುದು ಅತ್ಯಗತ್ಯ.